ಸೊಂಟದ ಪಿಸ್ತೂಲಿಗೆ ಚರ್ಮದ ಗತ್ತು ಬೇಡ

ಒಂದೂಕಾಲು ಲಕ್ಷ ರೂಪಾಯಿ ಸುರಿದು ರಿವಾಲ್ವರ್ ಕೊಂಡವರು ಅದನ್ನಿಡುವ ಹೋಲ್‌ಸ್ಟರ್ ವಿಚಾರಕ್ಕೆ ಬಂದರೆ ಎರಡೇ ಮಾತು ಆಡುತ್ತಾರೆ. ಕೈ ಬಿಗಿ ಇರುವವರು ‘ಅಂಗಡಿಯವನು ಕೊಟ್ಟ ರೆಕ್ಸಿನ್ ಕವರ್ ಇದೆಯಲ್ಲ, ಸಾಕು’ ಎನ್ನುತ್ತಾರೆ. ಕೈ ಬಿಚ್ಚಿ ಖರ್ಚು ಮಾಡುವವರು ‘ಇಟ್ಟರೆ ಅಪ್ಪಟ ಚರ್ಮದ್ದೇ ಇಡಬೇಕು’ ಎನ್ನುತ್ತಾರೆ. ಪಾಲಿಮರ್ ಹೋಲ್‌ಸ್ಟರ್ ಅಂದರೆ ಮಾತ್ರ ಇಬ್ಬರೂ ಒಂದೇ ಪಕ್ಷ: ಅದು ಪ್ಲಾಸ್ಟಿಕ್ಕು, ಆಟದ ಸಾಮಾನು, ಮಾನವಂತರು ಸೊಂಟಕ್ಕೆ ಹಾಕಿಕೊಳ್ಳುವಂಥದ್ದಲ್ಲ. ತುಮಕೂರಿನಲ್ಲಿ ನಿವೇಶನದ ವ್ಯವಹಾರ ಮಾಡುವವರಿಂದ ಹಿಡಿದು ಗುಬ್ಬಿಯ ಅಡಿಕೆ ತೋಟದವರು, ಕುಣಿಗಲ್ ಕಡೆಯ ಕ್ರಷರ್ ಮಾಲೀಕರವರೆಗೆ ಪರವಾನಗಿ ಇರುವವರ ನಡುವೆ ಇದು ಸಿದ್ಧಾಂತದಂತೆ ಕೂತುಬಿಟ್ಟಿದೆ. ಈ ಸಿದ್ಧಾಂತ ತಪ್ಪು. ತಪ್ಪು ಮಾತ್ರವಲ್ಲ, ತೊಡೆಗೆ, ಮೊಣಕಾಲಿಗೆ, ಪಕ್ಕದಲ್ಲಿ ಕೂತವರ ಹೊಟ್ಟೆಗೆ ಗುಂಡು ಹೊಗಿಸುವಂಥ ತಪ್ಪು.

ಹೋಲ್‌ಸ್ಟರ್ ಪಿಸ್ತೂಲಿನ ಅಲಂಕಾರವಲ್ಲ. ಅದು ಪಿಸ್ತೂಲಿನದೇ ಒಂದು ಭಾಗ. ಗುಂಡು ತುಂಬಿದ ಆಯುಧ ಮನುಷ್ಯನ ಮೈಮೇಲಿರುವಷ್ಟು ಹೊತ್ತೂ ಟ್ರಿಗರ್ ಮೇಲೆ ಬೆರಳಾಗಲಿ, ಬಟ್ಟೆಯ ಮಡಿಕೆಯಾಗಲಿ, ಕೀಲಿಕೈಯಾಗಲಿ ಬೀಳದಂತೆ ತಡೆಯುವುದು ಅದರ ಮೊದಲ ಕೆಲಸ. ಆಯುಧ ಇಟ್ಟಲ್ಲಿ ಇರುವಂತೆ, ಇಟ್ಟ ದಿಕ್ಕಿಗೇ ಇರುವಂತೆ ಹಿಡಿದಿಡುವುದು ಎರಡನೆಯದು. ಉಳಿದದ್ದೆಲ್ಲ ಆಮೇಲೆ. ಈ ಎರಡು ಕೆಲಸ ಮಾಡದ ಚರ್ಮಕ್ಕೆ ಹತ್ತು ಸಾವಿರ ಕೊಟ್ಟಿದ್ದರೂ ಅದು ಬರೀ ಚೀಲ. ಈ ಎರಡನ್ನೂ ಮಾಡುವ ಪಾಲಿಮರ್ ಪಿಸ್ತೂಲಿನ ಬೆಲೆಯ ನೂರರಲ್ಲಿ ಎರಡು ಮೂರು ಪಾಲಿಗೆ ಸಿಕ್ಕಿದರೂ ಅದೇ ನಿಜವಾದ ಹೋಲ್‌ಸ್ಟರ್.

‘ಲಾಕ್ ಇದೆಯಲ್ಲ, ಸುಮ್ಮನೆ ಹಾರುತ್ತದೆಯೇ?’ ಎಂಬ ಮಾತನ್ನು ಮೊದಲು ಎತ್ತಿಕೊಳ್ಳೋಣ, ಏಕೆಂದರೆ ಉಳಿದ ಉದಾಸೀನವೆಲ್ಲ ಇದರ ಮೇಲೆಯೇ ನಿಂತಿದೆ. 2024ರ ಅಕ್ಟೋಬರ್ 1ರ ಬೆಳಗಿನ ಜಾವ ಹಿಂದಿ ನಟ ಗೋವಿಂದ ಮುಂಬೈನ ಮನೆಯಿಂದ ಕೋಲ್ಕತ್ತಕ್ಕೆ ಹೊರಟಿದ್ದರು. ಪರವಾನಗಿ ಪಡೆದ ತಮ್ಮ ರಿವಾಲ್ವರನ್ನು ಒಳಗಿಡುವಾಗ ಅದು ಕೈಜಾರಿ ಬಿದ್ದು ಗುಂಡು ಹಾರಿತು ಎಂದು ಅವರ ಕಡೆಯವರು ಹೇಳಿದರು. ಗುಂಡು ಎಡಗಾಲಿಗೆ, ಮೊಣಕಾಲಿನ ಕೆಳಗೆ ಹೊಕ್ಕಿತ್ತು. ಶಸ್ತ್ರಚಿಕಿತ್ಸೆ ಮಾಡಿ ತೆಗೆಯಬೇಕಾಯಿತು. ಅಲ್ಲಿ ಶತ್ರುವಿರಲಿಲ್ಲ, ಜಗಳವಿರಲಿಲ್ಲ. ಇದ್ದದ್ದು ಗುಂಡು ತುಂಬಿದ ಆಯುಧ ಮತ್ತು ಅದನ್ನು ಬರಿಗೈಯಲ್ಲಿ ಅಲ್ಲಿಂದಿಲ್ಲಿಗೆ ಸಾಗಿಸುವ ಅಭ್ಯಾಸ.

ಇನ್ನೊಂದು ಅಮೆರಿಕದ್ದು. ನ್ಯೂಯಾರ್ಕ್ ಜೈಂಟ್ಸ್ ತಂಡದ ಫುಟ್‌ಬಾಲ್ ಆಟಗಾರ ಪ್ಲ್ಯಾಕ್ಸಿಕೊ ಬರ್ರೆಸ್ 2008ರ ನವೆಂಬರ್‌ನಲ್ಲಿ ನ್ಯೂಯಾರ್ಕಿನ ಕ್ಲಬ್ಬೊಂದಕ್ಕೆ ಹೋದಾಗ ಗ್ಲಾಕ್ ಪಿಸ್ತೂಲನ್ನು ಪ್ಯಾಂಟಿನ ಎಲಾಸ್ಟಿಕ್ ಸೊಂಟಕ್ಕೆ ಸಿಕ್ಕಿಸಿಕೊಂಡಿದ್ದ. ಹೋಲ್‌ಸ್ಟರ್ ಇರಲಿಲ್ಲ. ಪಿಸ್ತೂಲು ಕಾಲಿನ ಕಡೆ ಜಾರಿತು. ಗುಂಡು ಅವನ ತೊಡೆಗೇ ಹೊಡೆಯಿತು. ಆ ವರ್ಷದ ಆರಂಭದಲ್ಲಷ್ಟೇ ತಂಡಕ್ಕೆ ಸೂಪರ್ ಬೌಲ್ ಗೆಲ್ಲಿಸಿಕೊಟ್ಟಿದ್ದವನು ಮರುವರ್ಷ ಎರಡು ವರ್ಷಗಳ ಶಿಕ್ಷೆಗೆ ಗುರಿಯಾಗಿ ಜೈಲಿಗೆ ಹೋದ. ಪರವಾನಗಿಯಿಲ್ಲದೆ ಆಯುಧ ಇಟ್ಟುಕೊಂಡದ್ದಕ್ಕೆ ಶಿಕ್ಷೆ ಆಯಿತು, ಸರಿ. ಆದರೆ ಗುಂಡು ಹಾರಿದ್ದು ಪರವಾನಗಿ ಇಲ್ಲದ ಕಾರಣಕ್ಕಲ್ಲ. ಟ್ರಿಗರನ್ನು ಮುಚ್ಚುವಂಥದ್ದು ಏನೂ ಇರಲಿಲ್ಲ, ಅದಕ್ಕೆ.

ಈ ಎರಡು ಪ್ರಕರಣಗಳನ್ನು ಓದಿ ನಮ್ಮವರು ಹೇಳುವುದು: ‘ಅವರು ದಡ್ಡರು, ನಾವು ಎಚ್ಚರವಾಗಿರುತ್ತೇವೆ.’ 2023ರ ಡಿಸೆಂಬರ್‌ನಲ್ಲಿ ಉತ್ತರ ಪ್ರದೇಶದ ಅಲೀಗಢದಲ್ಲಿ ಪಾಸ್‌ಪೋರ್ಟ್ ಪರಿಶೀಲನೆಗೆಂದು ಠಾಣೆಗೆ ಬಂದಿದ್ದ ಮಹಿಳೆಯೊಬ್ಬರ ತಲೆಗೆ ಗುಂಡು ಹೊಡೆದದ್ದು ಒಬ್ಬ ಸಬ್ ಇನ್‌ಸ್ಪೆಕ್ಟರ್ ಕೈಯಲ್ಲಿದ್ದ ಪಿಸ್ತೂಲು. ಆಕೆ ಉಳಿಯಲಿಲ್ಲ. ಆಯುಧದ ತರಬೇತಿ ಪಡೆದು, ಅದನ್ನೇ ಹೊಟ್ಟೆಪಾಡು ಮಾಡಿಕೊಂಡವನ ಕೈಯಲ್ಲೇ ಹೀಗಾಯಿತು. ತರಬೇತಿಯ ದಿನ ಹತ್ತಾರು ಗುಂಡು ಹಾರಿಸಿ ಬೀರುವಿನಲ್ಲಿ ಇಟ್ಟ ನಮ್ಮ ಎಚ್ಚರಕ್ಕೆ ಏನು ಬೆಲೆ? ಪಿಸ್ತೂಲನ್ನು ಕೈಯಲ್ಲಿ ಹಿಡಿಯುವ ಪ್ರತಿ ಸಲವೂ ಒಂದು ಅಪಾಯ. ಒಳ್ಳೆಯ ಹೋಲ್‌ಸ್ಟರ್ ಆ ಸಲಗಳನ್ನು ಕಡಿಮೆ ಮಾಡುತ್ತದೆ.

ಈಗ ಚರ್ಮದ ಮಾತು. ಚರ್ಮವನ್ನು ನಾನು ದ್ವೇಷಿಸುವುದಿಲ್ಲ. ಗಿಡಮರಗಳ ತೊಗಟೆಯಿಂದ ಹದ ಮಾಡಿದ ದಪ್ಪ ಚರ್ಮವನ್ನು ಆಯಾ ಪಿಸ್ತೂಲಿನ ಅಚ್ಚಿಗೆ ಒದ್ದೆ ಮಾಡಿ ಕೂರಿಸಿ, ಬಾಯಿಗೆ ಲೋಹದ ಪಟ್ಟಿ ಹಾಕಿ ಹೊಲಿದದ್ದು ನಿಜಕ್ಕೂ ಒಳ್ಳೆಯ ಹೋಲ್‌ಸ್ಟರ್. ಆದರೆ ನಮ್ಮ ಊರುಗಳಲ್ಲಿ ‘ಚರ್ಮದ್ದು’ ಎಂದು ಮಾರುವುದು ಅದಲ್ಲ. ಮೆತ್ತನೆಯ, ಯಾವ ಪಿಸ್ತೂಲಿಗೂ ಆಗುವ, ಮೇಲೊಂದು ಪಟ್ಟಿಗೆ ಟಿಚ್‌ಬಟನ್ ಹೊಡೆದ ಚೀಲ ಅದು. ಅಂಥದ್ದು ಒಂದೆರಡು ವರ್ಷದಲ್ಲಿ ಬೆವರು ಕುಡಿದು ಸಡಿಲವಾಗುತ್ತದೆ. ಬಾಯಿಯ ಅಂಚು ಒಳಕ್ಕೆ ಮಡಚುತ್ತದೆ. ಪಿಸ್ತೂಲನ್ನು ಮತ್ತೆ ಒಳಗಿಡುವಾಗ ಆ ಮಡಿಕೆ ಟ್ರಿಗರ್ ಬಳೆಯೊಳಗೆ ನುಗ್ಗುತ್ತದೆ. ಕೆಳಕ್ಕೆ ಒತ್ತಿದರೆ ಬೆರಳು ಮಾಡುವ ಕೆಲಸವನ್ನು ಚರ್ಮವೇ ಮಾಡುತ್ತದೆ. ಸವೆದ ಚರ್ಮದ ಹೋಲ್‌ಸ್ಟರ್‌ನಿಂದ ಸ್ವಂತ ಸೊಂಟಕ್ಕೆ, ತೊಡೆಗೆ ಗುಂಡು ಹೊಡೆದುಕೊಂಡವರ ಕಥೆ ಇಷ್ಟೇ. ಇದಕ್ಕೆ ಮೇಲಿನ ಟಿಚ್‌ಬಟನ್ ಪಟ್ಟಿಯನ್ನೂ ಸೇರಿಸಿ. ಅದನ್ನು ಸರಿಸದೆ ಆಯುಧ ತೂರಿಸಿದರೆ ಪಟ್ಟಿಯೇ ಟ್ರಿಗರ್‌ಗೆ ಸಿಕ್ಕಿಕೊಳ್ಳುತ್ತದೆ.

ತುಕ್ಕಿನ ಮಾತೂ ಇದೆ. ಕ್ರೋಮ್ ಲವಣಗಳಿಂದ ಹದ ಮಾಡಿದ ಚರ್ಮದಲ್ಲಿ ಆ ಲವಣಗಳು ಉಳಿದಿರುತ್ತವೆ. ಬೆವರಿನ ಉಪ್ಪೂ ಸೇರುತ್ತದೆ. ಅದರೊಳಗೆ ಉಕ್ಕಿನ ರಿವಾಲ್ವರನ್ನು ತಿಂಗಳುಗಟ್ಟಲೆ ಇಟ್ಟರೆ ಮೈಮೇಲೆ ಕಂದು ಚುಕ್ಕೆ ಏಳುತ್ತದೆ. ಪಿಸ್ತೂಲನ್ನು ಚರ್ಮದ ಹೋಲ್‌ಸ್ಟರ್ ಸಮೇತ ಬೀರುವಿನಲ್ಲಿಟ್ಟು ಆಯುಧ ಪೂಜೆಯ ದಿನ ಮಾತ್ರ ಹೊರತೆಗೆದು ಕುಂಕುಮ ಇಡುವವರು ನಮ್ಮಲ್ಲಿ ಕಡಿಮೆಯಿಲ್ಲ. (ಪೂಜೆಗೆ ಇಡುವ ಮುಂಚೆ ಗುಂಡು ತೆಗೆದಿದೆಯೇ ಎಂದು ಎರಡು ಸಲ ನೋಡಿ, ದಯವಿಟ್ಟು. ಮಕ್ಕಳು ಕೂತಿರುತ್ತಾರೆ.) ಪಾಲಿಮರ್ ನೀರು ಕುಡಿಯುವುದಿಲ್ಲ, ಬೆವರು ಹೀರುವುದಿಲ್ಲ. ಒದ್ದೆ ಬಟ್ಟೆಯಲ್ಲಿ ಒರೆಸಿ ಒಣಗಿಸಿದರೆ ಮುಗಿಯಿತು.

‘ಪ್ಲಾಸ್ಟಿಕ್’ ಎಂದು ಮೂಗು ಮುರಿಯುವವರಿಗೆ ಒಂದು ವಿಷಯ ಹೇಳಬೇಕು. ಹಲವು ದೇಶಗಳ ಪೊಲೀಸರು ಬಳಸುವ ಗ್ಲಾಕ್ ಪಿಸ್ತೂಲಿನ ಒಡಲೇ ಪಾಲಿಮರ್. ಆಸ್ಟ್ರಿಯಾದ ಸೇನೆ ಅದನ್ನು 1982ರಲ್ಲೇ ಒಪ್ಪಿಕೊಂಡಿತು. ಸಿಡಿಮದ್ದಿನ ಒದೆತವನ್ನು ತಡೆದುಕೊಳ್ಳುವ ವಸ್ತು ಸೊಂಟದ ಮೇಲೆ ಸುಮ್ಮನೆ ಕೂರಲು ಆಗದೇ? ಹೋಲ್‌ಸ್ಟರ್ ಮಾಡುವ ಕೈಡೆಕ್ಸ್ ಹಾಳೆಯನ್ನು ರೋಮ್ ಅಂಡ್ ಹಾಸ್ ಕಂಪನಿ 1965ರಲ್ಲಿ ತಯಾರಿಸಿದ್ದು ವಿಮಾನಗಳ ಒಳಮೈಗೆ. ಅದನ್ನು ಕಾಯಿಸಿ ಪಿಸ್ತೂಲಿನ ಮೇಲೆ ಒತ್ತಿದರೆ ಟ್ರಿಗರ್ ಬಳೆಯ ಆಕಾರವನ್ನು ಹಿಡಿದು ಹಾಗೆಯೇ ಗಟ್ಟಿಯಾಗುತ್ತದೆ. ಪಿಸ್ತೂಲು ತೆಗೆದ ಮೇಲೂ ಬಾಯಿ ತೆರೆದೇ ಇರುತ್ತದೆ. ಆದ್ದರಿಂದ ಒಳಗಿಡುವಾಗ ಇನ್ನೊಂದು ಕೈ ಬಾಯಿಯ ಹತ್ತಿರ ಬರಬೇಕಿಲ್ಲ. ಇನ್ನೊಂದು ಬಗೆ ನೈಲಾನ್‌ಗೆ ಗಾಜಿನ ಎಳೆ ಬೆರೆಸಿ ಅಚ್ಚಿನಲ್ಲಿ ಎರಕ ಹೊಯ್ದದ್ದು. ಅಗ್ಗದ ಹೋಲ್‌ಸ್ಟರ್‌ಗಳಲ್ಲಿ ಹೆಚ್ಚಿನವು ಇವು. ಅಚ್ಚು ಒಮ್ಮೆ ಮಾಡಿದರೆ ಸಾವಿರಗಟ್ಟಲೆ ಒಂದೇ ಅಳತೆಯಲ್ಲಿ ಬರುತ್ತವೆ. ಬೆಲೆ ಇಳಿಯುವುದು ಅದಕ್ಕೆ. ಗುಣ ಕಡಿಮೆ ಎಂದಲ್ಲ.

ಹಾಗೆಂದು ಪಾಲಿಮರ್ ಎಂದು ಹೆಸರಿಟ್ಟದ್ದೆಲ್ಲ ಒಳ್ಳೆಯದಲ್ಲ. ಚರ್ಮದ ಗತ್ತಿನಷ್ಟೇ ಕೆಟ್ಟದ್ದು ‘ಯಾವುದೋ ಒಂದು ಪ್ಲಾಸ್ಟಿಕ್ ತಂದರಾಯಿತು’ ಎಂಬ ಅಗ್ಗದ ಮನಸ್ಸು. ರಸ್ತೆಬದಿಯಲ್ಲಿ ಕೊಳ್ಳುವ ಐಎಸ್‌ಐ ಗುರುತಿಲ್ಲದ ಹೆಲ್ಮೆಟ್ ಪೊಲೀಸರಿಗೆ ತೋರಿಸಲಿಕ್ಕೆ ಆಗುತ್ತದೆ, ತಲೆ ಉಳಿಸಲಿಕ್ಕೆ ಆಗುವುದಿಲ್ಲ. ಹೋಲ್‌ಸ್ಟರ್ ಸಂತೆಯಲ್ಲೂ ಅಂಥ ಮಾಲು ತುಂಬಿದೆ. ಆಟಿಕೆ ಗನ್‌ಗಳಿಗೆಂದು ಮಾಡಿದ ತೆಳು ಪ್ಲಾಸ್ಟಿಕ್ ಅನ್ನು ಅಸಲಿ ಆಯುಧಕ್ಕೂ ಆಗುತ್ತದೆಂದು ಮಾರುತ್ತಾರೆ. ‘ಎಲ್ಲ ಮಾಡೆಲ್‌ಗೂ ಹೊಂದುತ್ತದೆ’ ಎಂದು ಬರೆದಿದ್ದರೆ ಕೈಮುಗಿದು ವಾಪಸು ಕೊಡಿ. ಎಲ್ಲಕ್ಕೂ ಹೊಂದುವುದು ಯಾವುದಕ್ಕೂ ಸರಿಯಾಗಿ ಹೊಂದುವುದಿಲ್ಲ.

ನಮ್ಮ ಕಡೆಯವರಿಗೆ ಇಲ್ಲೊಂದು ನಿಜವಾದ ತೊಡಕಿದೆ. ಅಂಗಡಿಯಲ್ಲಿ ಸುಲಭವಾಗಿ ಸಿಗುವ ಪಾಲಿಮರ್ ಹೋಲ್‌ಸ್ಟರ್‌ಗಳು ಗ್ಲಾಕ್, ಬೆರೆಟ್ಟಾದಂಥ ವಿದೇಶಿ ಪಿಸ್ತೂಲಿನ ಅಚ್ಚಿನವು. ಆ ಪಿಸ್ತೂಲುಗಳು ಹೆಚ್ಚಾಗಿ 9 ಎಂಎಂ, ನಮ್ಮಲ್ಲಿ ಸಾಮಾನ್ಯ ನಾಗರಿಕರಿಗೆ ನಿಷೇಧಿಸಿದ ಬೋರ್. ಇಲ್ಲಿನವರ ಬಳಿ ಇರುವುದು .32 ಬೋರಿನ ಸರ್ಕಾರಿ ಕಾರ್ಖಾನೆಯ ಮಾಲು: ಕಾನ್ಪುರದ ರಿವಾಲ್ವರ್, ಅದು ಬ್ರಿಟಿಷರ ವೆಬ್ಲಿ ವಿನ್ಯಾಸದ ಸಂತತಿ, ಇಲ್ಲವೇ ಅಶನಿ ಪಿಸ್ತೂಲು, ಅಪರೂಪಕ್ಕೆ 2014ರಲ್ಲಿ ಹೆಂಗಸರಿಗೆಂದು ಸುಮಾರು 1.22 ಲಕ್ಷ ರೂಪಾಯಿಗೆ ಹೊರಬಂದ, ಅರ್ಧ ಕಿಲೋ ತೂಕದ ನಿರ್ಭೀಕ್. ಗ್ಲಾಕ್ ಅಚ್ಚಿನೊಳಗೆ ಅಶನಿ ತೂರಿದರೆ ಅದು ಗಲಗಲ ಅಲ್ಲಾಡುತ್ತದೆ. ರಿವಾಲ್ವರ್ ಅಂತೂ ಕೂರುವುದೇ ಇಲ್ಲ, ಗುಂಡಿನ ಸಿಲಿಂಡರ್ ದಪ್ಪ. ಇದನ್ನೇ ತೋರಿಸಿ ‘ನೋಡಿದ್ರಾ, ಪ್ಲಾಸ್ಟಿಕ್ ಹೊಂದಲ್ಲ’ ಎನ್ನುತ್ತಾರೆ. ಪ್ಲಾಸ್ಟಿಕ್ಕಿನ ತಪ್ಪಲ್ಲ ಅದು, ಬೇರೆಯ ಪಿಸ್ತೂಲಿನ ಹೋಲ್‌ಸ್ಟರ್ ಕೊಂಡದ್ದರ ತಪ್ಪು. ಮಾಡೆಲ್ ಹೇಳಿದರೆ ಅದರ ಅಳತೆಗೇ ಹಾಳೆ ಕಾಯಿಸಿ ಮಾಡಿಕೊಡುವ ಸಣ್ಣ ತಯಾರಕರು ನಮ್ಮ ದೇಶದಲ್ಲೇ ಈಗ ಇದ್ದಾರೆ. ಒಂದಿಷ್ಟು ದಿನ ಕಾಯಬೇಕಾಗಬಹುದು. ಪರವಾನಗಿಗೆ ವರ್ಷಗಟ್ಟಲೆ ಜಿಲ್ಲಾಧಿಕಾರಿ ಕಚೇರಿಗೆ ಅಲೆದವರಿಗೆ ಇದೊಂದು ಕಾಯುವಿಕೆಯೇ?

ಆರಿಸುವಾಗ ನೋಡಬೇಕಾದದ್ದು ಬಹಳವಿಲ್ಲ, ಆದರೆ ನೋಡಲೇಬೇಕು. ಪಿಸ್ತೂಲು ಒಳಗಿದ್ದಾಗ ಟ್ರಿಗರ್ ಬಳೆ ಪೂರ್ತಿ ಮುಚ್ಚಿರಬೇಕು. ಹೊರಗಿನಿಂದ ಕಿರುಬೆರಳೂ ಒಳಹೋಗಬಾರದು. ಗುಂಡು ಪೂರ್ತಿ ಖಾಲಿ ಮಾಡಿ, ಖಾಲಿಯೆಂದು ಮತ್ತೊಮ್ಮೆ ಕಣ್ಣಾರೆ ನೋಡಿ, ಹಾಸಿಗೆಯ ಮೇಲೆ ಹೋಲ್‌ಸ್ಟರನ್ನು ತಲೆಕೆಳಗೆ ಹಿಡಿದು ಅಲ್ಲಾಡಿಸಿ. ಪಿಸ್ತೂಲು ಬೀಳಬಾರದು. ಬೆಲ್ಟ್ ತೂರುವ ಕಂಡಿ ನಿಮ್ಮ ಬೆಲ್ಟಿನ ಅಗಲಕ್ಕೆ ಸರಿಯಾಗಿರಬೇಕು. ಹೆಚ್ಚಿನವು ಒಂದೂವರೆ ಇಂಚಿಗೆ ಮಾಡಿರುತ್ತವೆ. ಮದುವೆಗೆ ಹಾಕುವ ತೆಳು ಬೆಲ್ಟಿನಲ್ಲಿ ಅವು ವಾಲಾಡುತ್ತವೆ. ಹಾಗಾಗಿ ಹೋಲ್‌ಸ್ಟರ್ ಜೊತೆಗೆ ಗಟ್ಟಿಯಾದ ದಪ್ಪ ಬೆಲ್ಟಿಗೂ ದುಡ್ಡು ತೆಗೆದಿಡಿ. ಬೆಲ್ಟ್ ತೂರಿಸದೆ ಸೊಂಟದೊಳಕ್ಕೆ ಬರೀ ಸಿಕ್ಕಿಸುವ ಅಗಲ ನಾಲಿಗೆಯವು ಹಾಕಲು ಸುಲಭ. ಆದರೆ ಸಿದ್ಧಗಂಗೆಯ ಶಿವರಾತ್ರಿ ಜಾತ್ರೆಯ ನೂಕುನುಗ್ಗಲಿನಲ್ಲಿ, ಸಂಜೆಯ ಗುಬ್ಬಿ ಬಸ್ಸಿನಲ್ಲಿ ಯಾರಾದರೂ ಹಿಡಿದೆಳೆದರೆ ಹೋಲ್‌ಸ್ಟರ್ ಸಮೇತ ಬಂದುಬಿಡುತ್ತವೆ. ಬೆಲ್ಟಿನ ಕಂಡಿಯದೇ ಮೇಲು.

ತೋರುಬೆರಳಿನಿಂದ ಗುಂಡಿ ಒತ್ತಿದರೆ ಲಾಕ್ ಬಿಡುವ ಒಂದು ಬಗೆಯೂ ಮಾರುಕಟ್ಟೆಯಲ್ಲಿದೆ. ನೋಡಲಿಕ್ಕೆ ಚಂದ, ಆದರೆ ಕೊಳ್ಳಬೇಡಿ. ಗಾಬರಿಯಲ್ಲಿ ಗುಂಡಿ ಒತ್ತುತ್ತಾ ಪಿಸ್ತೂಲು ಎಳೆದಾಗ ಅದೇ ಬೆರಳು ಒತ್ತಡದಲ್ಲೇ ನೇರ ಟ್ರಿಗರ್ ಮೇಲೆ ಬೀಳುತ್ತದೆ. ಹೊರದೇಶದ ಕೆಲವು ತರಬೇತಿ ಶಾಲೆಗಳು ಈ ಬಗೆಯನ್ನು ತಮ್ಮ ಮೈದಾನಕ್ಕೆ ಬಿಟ್ಟುಕೊಳ್ಳುವುದಿಲ್ಲ. ಹೆಬ್ಬೆರಳಿನಿಂದ ಬಿಡಿಸುವುದು ಅಥವಾ ಬರೀ ಬಿಗಿತದಿಂದ ಹಿಡಿಯುವುದು ಸಾಕು.

ಪಾಲಿಮರಿನ ದೋಷವನ್ನು ಮುಚ್ಚಿಡಬೇಕಾದ್ದಿಲ್ಲ. ಕಲ್ಲುಗಣಿ, ಕ್ರಷರ್‌ಗಳ ಕಡೆ ಓಡಾಡುವವರಿಗೆ ನುಣ್ಣನೆ ದೂಳು ಒಳಸೇರಿ ಪಿಸ್ತೂಲಿನ ಬಣ್ಣ ಉಜ್ಜಿಹೋಗುತ್ತದೆ. ವಾರಕ್ಕೊಮ್ಮೆ ಒರೆಸಬೇಕು. ಹಳ್ಳಿ ರಸ್ತೆಯಲ್ಲಿ ಬೈಕ್ ಓಡಿಸುವವರ ಹೋಲ್‌ಸ್ಟರಿನ ಸ್ಕ್ರೂ ಕುಲುಕಾಟಕ್ಕೆ ಸಡಿಲವಾಗುತ್ತದೆ, ಆಗಾಗ ಬಿಗಿ ಮಾಡಬೇಕು. ಏಪ್ರಿಲ್ ಬಿಸಿಲಿನಲ್ಲಿ ನಿಲ್ಲಿಸಿದ ಕಾರಿನ ಡ್ಯಾಶ್‌ಬೋರ್ಡ್ ಮೇಲೆ ಬಿಟ್ಟರೆ ಹಾಳೆ ಆಕಾರ ಕಳೆದುಕೊಳ್ಳಬಹುದು. ಪಿಸ್ತೂಲನ್ನೂ ಕಾರಿನಲ್ಲಿ ಬಿಟ್ಟುಹೋಗಬಾರದು, ಆ ಮಾತು ಬೇರೆ. ಸೀಳು ಕಂಡರೆ ಬಿಸಾಡಿ ಹೊಸದು ತನ್ನಿ. ಬೆಲೆ ಕಡಿಮೆಯಿರುವುದರ ದೊಡ್ಡ ಲಾಭ ಇದೇ. ಹತ್ತು ಸಾವಿರದ ಚರ್ಮ ಸವೆದರೂ ಎಸೆಯಲು ಮನಸ್ಸು ಬರುವುದಿಲ್ಲ. ಸವೆದದ್ದನ್ನೇ ಹಾಕಿಕೊಂಡು ಓಡಾಡುತ್ತಾರೆ.

ಪಂಚೆಯ ಪ್ರಶ್ನೆಯನ್ನು ಯಾರೂ ಎತ್ತುವುದಿಲ್ಲ, ನಾನು ಎತ್ತುತ್ತೇನೆ. ತೋಟದ ಯಜಮಾನರು ಪಂಚೆ ಉಟ್ಟು ರಿವಾಲ್ವರನ್ನು ಸೊಂಟದ ಮಡಿಕೆಗೆ ಸಿಕ್ಕಿಸಿ ಮೇಲೆ ಜುಬ್ಬಾ ಇಳಿಬಿಡುವುದು ನಮ್ಮ ಕಡೆ ಹೊಸದಲ್ಲ. ‘ನಮ್ಮಪ್ಪನ ಕಾಲದಿಂದ ಹೀಗೇ’ ಎನ್ನುತ್ತಾರೆ. ಪಂಚೆಯ ಗಂಟು ಆಯುಧವನ್ನು ಹಿಡಿಯಲಾರದು. ಏಳುವಾಗ, ಕೂರುವಾಗ, ಕಾರಿನಿಂದ ಇಳಿಯುವಾಗ ಅದು ಜಾರುತ್ತದೆ. ಜಾರಿದ್ದನ್ನು ಹಿಡಿಯಲು ಕೈ ತಾನಾಗಿ ಹೋಗುತ್ತದೆ, ಬೆರಳು ಎಲ್ಲಿ ಬೀಳುತ್ತದೋ ಹೇಳಲಾಗದು. ನ್ಯೂಯಾರ್ಕಿನ ಆ ಆಟಗಾರನಿಗೆ ಆದದ್ದು ಇದೇ. ಇನ್ನು ಅಪ್ಪನ ಕಾಲದ ಮಾತು: ಕೊಡಗಿನವರು ಒಡಿಕತ್ತಿಯನ್ನು ಬರಿದೇ ಸೊಂಟಕ್ಕೆ ಸಿಕ್ಕಿಸಿಕೊಳ್ಳಲಿಲ್ಲ. ಬೆನ್ನ ಹಿಂದೆ ಲೋಹದ ತೋಡಂಗ್ ಕಟ್ಟಿ ಅದರಲ್ಲಿ ಕೂರಿಸಿದರು. ಬರೀ ಕತ್ತಿಗೇ ನಮ್ಮ ನಾಡಿನ ಹಿರಿಯರು ಇಷ್ಟು ಯೋಚಿಸಿದ್ದಾರೆ. ಪಂಚೆ ಉಟ್ಟ ದಿನ ಬೆಲ್ಟ್ ಹೋಲ್‌ಸ್ಟರ್ ಆಗುವುದಿಲ್ಲ ಎಂದಾದರೆ ಅಂದು ಪಿಸ್ತೂಲು ಮನೆಯಲ್ಲಿ, ಬೀಗದೊಳಗೆ ಇರಲಿ.

ಕಾನೂನೂ ಇದನ್ನೇ ಹೇಳುತ್ತದೆ. 2016ರ ಶಸ್ತ್ರಾಸ್ತ್ರ ನಿಯಮಗಳ ಪ್ರಕಾರ ಸಾರ್ವಜನಿಕ ಸ್ಥಳದಲ್ಲಿ ಕೈಬಂದೂಕು ಒಯ್ಯುವವರು ಅದನ್ನು ಹೋಲ್‌ಸ್ಟರ್ ಅಥವಾ ಅದಕ್ಕೆಂದೇ ಮಾಡಿದ ಅಂಥದ್ದರಲ್ಲೇ ಒಯ್ಯಬೇಕು, ಅದು ಪೂರ್ತಿ ಮುಚ್ಚಿರಬೇಕು, ಅದರ ಮೇಲೆ ಒಯ್ಯುವವರ ಹಿಡಿತವಿರಬೇಕು. ಝಳಪಿಸುವುದು ಅಪರಾಧ. ಆದರೆ ನಮ್ಮ ಮದುವೆ ಮನೆಗಳಲ್ಲಿ, ರಾಜಕೀಯ ಸಭೆಗಳಲ್ಲಿ ಅಂಗಿಯನ್ನು ಒಂದು ಕಡೆ ಮೇಲೆತ್ತಿ ಹೊಳೆಯುವ ಕಂದು ಚರ್ಮ ಕಾಣುವಂತೆ ನಿಲ್ಲುವವರಿದ್ದಾರೆ. ಕಂಡರೆ ಕಳ್ಳರು ಹೆದರುತ್ತಾರಂತೆ. ಕಂಡರೆ ಕಳ್ಳನಿಗೆ ಗೊತ್ತಾಗುವುದು ಒಂದೇ: ಇವನ ಬಳಿ ಲಕ್ಷ ಬೆಲೆಯ ಆಯುಧವಿದೆ, ಹಿಂದಿನಿಂದ ಬಂದರೆ ಸಿಗುತ್ತದೆ. ಚರ್ಮದ ಹೋಲ್‌ಸ್ಟರಿನ ಮೇಲಿನ ನಮ್ಮ ಮೋಹದ ಮೂಲವೂ ಇಲ್ಲೇ ಇದೆ. ಅದನ್ನು ಕೊಳ್ಳುವುದು ತೋರಿಸುವುದಕ್ಕೆ. ಪಾಲಿಮರಿಗೆ ಹೊಳಪಿಲ್ಲ, ಕೆತ್ತನೆಯಿಲ್ಲ, ತೋರಿಸಲು ಏನೂ ಇಲ್ಲ. ಅಂಗಿಯ ಕೆಳಗೆ ಮುಚ್ಚಿಡಬೇಕಾದ ವಸ್ತುವಿಗೆ ಇದಕ್ಕಿಂತ ಒಳ್ಳೆಯ ಗುಣ ಯಾವುದು? ಸಂಭ್ರಮಕ್ಕೆ ಗಾಳಿಯಲ್ಲಿ ಗುಂಡು ಹಾರಿಸುವವರಿಗೆ 2019ರ ತಿದ್ದುಪಡಿಯ ನಂತರ ಎರಡು ವರ್ಷದವರೆಗೆ ಜೈಲು, ಒಂದು ಲಕ್ಷ ರೂಪಾಯಿವರೆಗೆ ದಂಡ ಇದೆ. ಹೋಲ್‌ಸ್ಟರ್ ತೋರಿಸುವ ಚಟ ಮತ್ತು ಗುಂಡು ಹಾರಿಸುವ ಚಟ ದೂರದ ನೆಂಟರಲ್ಲ.

ಚಿರತೆಯ ನೆಪವೂ ಬರುತ್ತದೆ. 2019ರ ಕೊನೆಯಿಂದ 2020ರ ಆರಂಭದವರೆಗೆ ತುಮಕೂರು, ಗುಬ್ಬಿ, ಕುಣಿಗಲ್ ತಾಲ್ಲೂಕುಗಳ ಹಳ್ಳಿಗಳಲ್ಲಿ ಚಿರತೆ ದಾಳಿಗೆ ಎಳೆಯ ಮಕ್ಕಳೂ ಸೇರಿ ಜನ ಸತ್ತರು. ಆ ಭಯ ಸುಳ್ಳಲ್ಲ, ಆ ತಾಯಂದಿರ ಸಂಕಟವನ್ನು ಯಾರೂ ಹಗುರ ಮಾಡಬಾರದು. ಆದರೆ ಸೊಂಟದ .32 ಪಿಸ್ತೂಲು ಮೈಮೇಲೆ ಹಾರಿದ ಚಿರತೆಗೆ ಉತ್ತರವಲ್ಲ. ‘ಚಿರತೆ ಬಂದರೆ ಸರ್ರನೆ ತೆಗೆಯಬೇಕು, ಬಿಗಿ ಹೋಲ್‌ಸ್ಟರ್ ಆಗಲ್ಲ’ ಎಂದು ಬರಿಸೊಂಟದಲ್ಲಿ ಸಿಕ್ಕಿಸಿಕೊಳ್ಳುವವರು ಚಿರತೆಗಿಂತ ಮೊದಲು ತಮ್ಮನ್ನೇ ಗಾಯಗೊಳಿಸಿಕೊಳ್ಳುತ್ತಾರೆ. ಬೇಗ ತೆಗೆಯುವುದು ಸಿನಿಮಾದ ಚಿಂತೆ. ನಿಜ ಜೀವನದಲ್ಲಿ ಕಾಡಬೇಕಾದದ್ದು ನಿಧಾನವಾಗಿ ಒಳಗಿಡುವುದು: ಬೆರಳು ಟ್ರಿಗರ್ ಬಳೆಯ ಹೊರಗೆ ನೇರವಾಗಿ, ಅಂಗಿಯ ಅಂಚು ಸರಿಸಿ, ಕಣ್ಣಿಟ್ಟು ನೋಡಿ, ಆಮೇಲೆ.

‘ಎಲ್ಲರಿಗೂ ನಿಮ್ಮಷ್ಟು ಪುರುಸೊತ್ತಿಲ್ಲ, ಕವರ್ ಒಂದಕ್ಕೆ ಇಷ್ಟು ಭಾಷಣವೇ’ ಎನ್ನುವವರಿಗೂ ಉತ್ತರವಿದೆ. 2025ರ ಸೆಪ್ಟೆಂಬರ್ 22ರಿಂದ ಪಿಸ್ತೂಲು, ರಿವಾಲ್ವರುಗಳ ಮೇಲೆ ಶೇಕಡಾ 40 ಜಿಎಸ್‌ಟಿ ಇದೆ. ಆ ತೆರಿಗೆಯನ್ನು ಗೊಣಗದೆ ಕಟ್ಟುವವರು ಅದರ ಚೂರುಪಾಲು ಹೋಲ್‌ಸ್ಟರ್‌ಗೆ ಚೌಕಾಸಿ ಮಾಡುವುದನ್ನು ನಾನು ಒಪ್ಪಲಾರೆ. ಬಡವರ ಮಾತಲ್ಲ ಇದು. ಪಿಸ್ತೂಲು ಕೊಳ್ಳಬಲ್ಲವರಲ್ಲಿ ಒಳ್ಳೆಯ ಪಾಲಿಮರ್ ಹೋಲ್‌ಸ್ಟರ್ ಕೊಳ್ಳಲಾಗದವರು ಯಾರೂ ಇಲ್ಲ.

ಕೊನೆಯದಾಗಿ ಪರವಾನಗಿ ಕೊಡುವವರಲ್ಲಿ ಒಂದು ಮನವಿ. ಈಗ ಅರ್ಜಿದಾರ ಸುರಕ್ಷತೆ ಮತ್ತು ಗುರಿ ಹೊಡೆಯುವ ತರಬೇತಿಯ ಪ್ರಮಾಣಪತ್ರ ತರಬೇಕು, ಮನೆಯಲ್ಲಿ ಆಯುಧವನ್ನು ಭದ್ರವಾಗಿಡುವ ವ್ಯವಸ್ಥೆಯಿದೆ ಎಂದು ಬರೆದುಕೊಡಬೇಕು. ಐದು ವರ್ಷಕ್ಕೊಮ್ಮೆ ನವೀಕರಣ ಆಗಬೇಕು. ಆ ನವೀಕರಣದ ಹೊತ್ತಿಗೆ ಕೈಬಂದೂಕಿನ ಪರವಾನಗಿದಾರರು ತಮ್ಮ ಹೋಲ್‌ಸ್ಟರನ್ನೂ ಬೆಲ್ಟನ್ನೂ ತಂದು ತೋರಿಸಲಿ. ಟ್ರಿಗರ್ ಮುಚ್ಚುತ್ತದೆಯೇ, ತಲೆಕೆಳಗೆ ಮಾಡಿದರೆ ಆಯುಧ ನಿಲ್ಲುತ್ತದೆಯೇ ಎಂದು ಅಲ್ಲಿನ ಸಿಬ್ಬಂದಿ ಖಾಲಿ ಪಿಸ್ತೂಲಿನಲ್ಲಿ ನೋಡಲಿ. ಎರಡು ನಿಮಿಷದ ಕೆಲಸ. ತುಮಕೂರು ಜಿಲ್ಲಾಡಳಿತ ಇದನ್ನು ಮುಂದಿನ ನವೀಕರಣದಿಂದಲೇ ಶುರು ಮಾಡಬಹುದು.